ತಪ್ಪು ತೋರಿಸಿದವರಿಗೆ ಮೊದಲು ಏನು ಹೇಳಬೇಕು

ನಾನು 31 ವರ್ಷ ನರ್ಸ್ ಆಗಿದ್ದವಳು. ವಿನಯ ಅಂದರೇನು ಅಂತ ನನಗೆ ಅರ್ಥವಾಗಿದ್ದು ಒಂದು ಸಿರಿಂಜಿನ ಮುಚ್ಚಳದಿಂದ.

ಮನೆಯಲ್ಲಿ ಇನ್ಸುಲಿನ್ ತಗೊಳ್ಳುವವರಿದ್ದರೆ ನಿಮಗೂ ಗೊತ್ತಿರುತ್ತದೆ. ನಮ್ಮಲ್ಲಿ ಎರಡು ಥರದ ಇನ್ಸುಲಿನ್ ಬಾಟಲಿ ಸಿಗುತ್ತವೆ. ಒಂದರಲ್ಲಿ ಒಂದು ಎಂಎಲ್‌ಗೆ 40 ಯೂನಿಟ್, ಇನ್ನೊಂದರಲ್ಲಿ 100. 40ರದ್ದಕ್ಕೆ ಕೆಂಪು ಮುಚ್ಚಳದ ಸಿರಿಂಜ್, 100ರದ್ದಕ್ಕೆ ಕಿತ್ತಳೆ ಮುಚ್ಚಳದ್ದು. ಕೆಂಪು ಮುಚ್ಚಳದ ಸಿರಿಂಜಿನಲ್ಲಿ 20ರ ಗೆರೆವರೆಗೆ 100ರ ಇನ್ಸುಲಿನ್ ಎಳೆದರೆ ಮೈಗೆ ಹೋಗುವುದು 20 ಯೂನಿಟ್ ಅಲ್ಲ, 50. ಸಕ್ಕರೆ ಅಂಶ ದಿಢೀರ್ ಅಂತ ಇಳಿದು ಎಚ್ಚರ ತಪ್ಪಬಹುದು. ಜೀವವೇ ಹೋಗಬಹುದು.

ಒಂದು ಬೆಳಗಿನ ಡ್ಯೂಟಿಯಲ್ಲಿ ನಾನು ಎಳೆದದ್ದು ಹಾಗೇ. ಪಕ್ಕದಲ್ಲಿ ಎರಡನೇ ವರ್ಷದ ನರ್ಸಿಂಗ್ ಹುಡುಗಿಯೊಬ್ಬಳು ಟ್ರೇ ಹಿಡಿದು ನಿಂತಿದ್ದಳು. "ಮೇಡಂ, ಇದಕ್ಕೆ ಆರೆಂಜ್ ಕ್ಯಾಪ್ ಅಲ್ವಾ?" ಅಂದಳು, ನನಗೆ ಮಾತ್ರ ಕೇಳುವ ಹಾಗೆ. ನಾನು ಇಡೀ ವಾರ್ಡಿಗೆ ಕೇಳುವ ಹಾಗೆ ಬೈದೆ. "ನೀನು ನನಗೆ ಹೇಳಿಕೊಡ್ತೀಯಾ? ನಿನ್ನ ವಯಸ್ಸಿನಷ್ಟು ನನ್ನ ಸರ್ವೀಸ್ ಆಗಿದೆ." ಮಾತು ಮುಗಿಯುವಷ್ಟರಲ್ಲಿ ಕಣ್ಣು ಬಾಟಲಿ ಮೇಲೆ ಬಿತ್ತು. ಕೈ ತಣ್ಣಗಾಯಿತು. ಸೂಜಿ ಇನ್ನೂ ಚುಚ್ಚಿರಲಿಲ್ಲ, ಅದೊಂದೇ ಪುಣ್ಯ.

ಡ್ಯೂಟಿ ಮುಗಿದ ಮೇಲೆ ಅವಳನ್ನು ರೂಮಿಗೆ ಕರೆದು ಸಾರಿ ಕೇಳಿದೆ. ಅಲ್ಲಿಗೆ ಮುಗಿಯಿತು ಅಂದುಕೊಂಡೆ. ಮುಗಿದಿರಲಿಲ್ಲ. ಮುಂದಿನ ಹದಿನೈದು ದಿನ ಅವಳ ಬ್ಯಾಚಿನವರು ಯಾರೂ ನನ್ನ ಹತ್ತಿರ ಒಂದು ಪ್ರಶ್ನೆ ಕೇಳಲಿಲ್ಲ. "ಹೂಂ ಮೇಡಂ" ಅನ್ನುತ್ತಿದ್ದರು, ಹೇಳಿದ್ದನ್ನು ಮಾಡುತ್ತಿದ್ದರು. ಆಗ ನನಗೆ ನಿಜವಾಗಿ ಭಯವಾಯಿತು. ನಾಳೆ ನಾನು ಮತ್ತೆ ತಪ್ಪಿದರೆ ಹೇಳುವವರು ಯಾರು?

ಆಮೇಲೆ ನಾನು ರೂಢಿ ಮಾಡಿಕೊಂಡ ಕೆಲವು ಅಭ್ಯಾಸಗಳನ್ನು ಇಲ್ಲಿ ಹೇಳುತ್ತೇನೆ. ಆಸ್ಪತ್ರೆಯಲ್ಲಿ ಕಲಿತಿದ್ದು ನಿಜ, ಆದರೆ ಅಡುಗೆಮನೆಗೂ ಆಫೀಸಿಗೂ ಇವೇ ಸಾಕು.

ಬೈದದ್ದು ಎಲ್ಲಿಯೋ ತಪ್ಪು ಒಪ್ಪಿಕೊಳ್ಳುವುದೂ ಅಲ್ಲೇ. ನಾಲ್ಕು ಜನರ ಮುಂದೆ ಮರ್ಯಾದೆ ಕಳೆದು, ಬಾಗಿಲು ಹಾಕಿಕೊಂಡು ಸಾರಿ ಕೇಳಿದರೆ ಆ ನಾಲ್ವರಿಗೆ ಏನು ಗೊತ್ತಾಗುತ್ತದೆ? ಹದಿನಾರನೇ ದಿನ ಶಿಫ್ಟ್ ಬದಲಾಗುವ ಹೊತ್ತಿಗೆ, ಎಲ್ಲರೂ ಇದ್ದಾಗ ಹೇಳಿದೆ: "ಅವತ್ತು ನಾನು ತಪ್ಪು ಸಿರಿಂಜ್ ತಗೊಂಡಿದ್ದೆ. ಇವಳು ಹೇಳಿದಳು, ನಾನು ಬೈದೆ. ತಪ್ಪು ನನ್ನದು." ಅಷ್ಟೇ. "ಅವತ್ತು ಕೆಲಸ ಜಾಸ್ತಿ ಇತ್ತು" ಅನ್ನೋ ಮಾತು ನಾಲಿಗೆ ತುದಿಗೆ ಬಂದಿತ್ತು, ನುಂಗಿಕೊಂಡೆ. ತಪ್ಪಾಯ್ತು ಅಂದಮೇಲೆ "ಆದರೆ" ಸೇರಿಸಬೇಡಿ. ಸೇರಿಸಿದರೆ ಎದುರಿನವರಿಗೆ ಕೇಳಿಸುವುದು "ಆದರೆ" ಆದಮೇಲಿನ ಮಾತು ಮಾತ್ರ.

ಎರಡನೆಯದೇ ಎಲ್ಲಕ್ಕಿಂತ ಮುಖ್ಯ, ಕಷ್ಟವೂ ಹೌದು. ಯಾರಾದರೂ ನಿಮ್ಮ ಕೆಲಸದಲ್ಲಿ ತಪ್ಪು ತೋರಿಸಿದ ಕ್ಷಣ ಎದೆಯಲ್ಲಿ ಚುಳ್ ಅನ್ನುತ್ತದೆ. ಅದನ್ನು ತಡೆಯುವುದಕ್ಕೆ ಆಗುವುದಿಲ್ಲ, ನನಗೆ ಈಗಲೂ ಆಗಿಲ್ಲ. ಆದರೆ ಆ ಕ್ಷಣದಲ್ಲಿ ಬಾಯಿಗೆ ಬರಬೇಕಾದ ಮಾತನ್ನು ಮೊದಲೇ ಸಿದ್ಧ ಮಾಡಿಟ್ಟುಕೊಳ್ಳಬಹುದು. ನನ್ನದು: "ಹೌದಾ? ತೋರಿಸು ನೋಡೋಣ." ಇದನ್ನು ಹೇಳುತ್ತಾ ಕೈಯಲ್ಲಿರೋದನ್ನು ಕೆಳಗಿಡಬೇಕು. ಕೈ ನಿಂತರೆ ಕಣ್ಣು ನೋಡುತ್ತದೆ. ನೋಡಿದ ಮೇಲೆ ಅವರದೇ ತಪ್ಪು ಅಂತ ಗೊತ್ತಾದರೂ "ಕೇಳಿದ್ದು ಒಳ್ಳೆಯದಾಯ್ತು" ಅನ್ನಿ. ಈ ಮಾತನ್ನು ಮಾತ್ರ ಬಿಡಬೇಡಿ. ಹತ್ತು ಸಲ ತಪ್ಪಾಗಿ ಕೇಳುವ ಧೈರ್ಯ ಇರುವವಳೇ ಹನ್ನೊಂದನೇ ಸಲ ಜೀವ ಉಳಿಸುತ್ತಾಳೆ.

ನಮಗೆ ಟ್ರೈನಿಂಗಿನಲ್ಲಿ ಸೆಮ್ಮೆಲ್‌ವೈಸ್ ಅನ್ನೋ ಡಾಕ್ಟರ ಕಥೆ ಹೇಳಿದ್ದರು. ಆಗ ಅದು ಬರೀ ಕೈ ತೊಳೆಯುವ ಪಾಠ ಅಂದುಕೊಂಡಿದ್ದೆ. 1847, ವಿಯೆನ್ನಾದ ಹೆರಿಗೆ ಆಸ್ಪತ್ರೆ. ಒಂದು ವಿಭಾಗದಲ್ಲಿ ಡಾಕ್ಟರುಗಳು ಮತ್ತು ವಿದ್ಯಾರ್ಥಿಗಳು, ಇನ್ನೊಂದರಲ್ಲಿ ಸೂಲಗಿತ್ತಿಯರು. ಬಾಣಂತಿಯರು ಜಾಸ್ತಿ ಸಾಯುತ್ತಿದ್ದದ್ದು ಡಾಕ್ಟರುಗಳ ವಿಭಾಗದಲ್ಲಿ. ಅವರು ಹೆಣ ಕೊಯ್ದು ಅದೇ ಕೈಯಲ್ಲಿ ಹೆರಿಗೆಗೆ ಬರುತ್ತಿದ್ದರು. ಕ್ಲೋರಿನ್ ನೀರಿನಲ್ಲಿ ಕೈ ತೊಳೆಯಿರಿ ಅಂತ ಆತ ನಿಯಮ ಮಾಡಿದ. ಏಪ್ರಿಲ್‌ನಲ್ಲಿ ನೂರಕ್ಕೆ 18ರಷ್ಟಿದ್ದ ಸಾವು ಜೂನ್ ಹೊತ್ತಿಗೆ 2ರ ಆಸುಪಾಸಿಗೆ ಇಳಿಯಿತು. ಆದರೂ ಎಷ್ಟೋ ದೊಡ್ಡ ಡಾಕ್ಟರುಗಳು ಒಪ್ಪಲಿಲ್ಲ. ರೋಗ ತಂದದ್ದು ತಮ್ಮದೇ ಕೈ ಅಂತ ಒಪ್ಪುವುದು ಅಷ್ಟು ಕಷ್ಟ. ಅವತ್ತು ಸಿರಿಂಜ್ ಹಿಡಿದಿದ್ದ ನನ್ನ ಕೈಗೂ ಅದೇ ಕಷ್ಟ ಇತ್ತು.

ಮೂರನೆಯದು, ಕೇಳಿಸಿಕೊಂಡಿದ್ದನ್ನು ತಿರುಗಿ ಹೇಳುವುದು. ಡಾಕ್ಟರು ಫೋನಿನಲ್ಲಿ ಔಷಧಿ ಹೇಳಿದರೆ ನಾವು ಬರೆದುಕೊಂಡು ಅವರಿಗೇ ಓದಿ ಹೇಳಬೇಕು. "ಹದಿನೈದು, ಒಂದು ಐದು, ಸರಿನಾ ಸರ್?" ಮನೆಯಲ್ಲೂ ಮಾಡಿ ನೋಡಿ. ಮಗಳು ಏನೋ ಬೇಜಾರು ಹೇಳಿಕೊಂಡಾಗ ಬುದ್ಧಿ ಹೇಳುವ ಮೊದಲು "ನೀನು ಹೇಳ್ತಿರೋದು ಹೀಗೆ ತಾನೇ?" ಅಂತ ಕೇಳಿ. ನನಗಂತೂ ಅರ್ಧಕ್ಕರ್ಧ ಸಲ "ಅಲ್ಲಮ್ಮ, ನಾನು ಹೇಳಿದ್ದು ಅದಲ್ಲ" ಅನ್ನೋ ಉತ್ತರವೇ ಬಂದಿದೆ.

ಇನ್ನು ಏಕವಚನದ ವಿಷಯ. ನಮ್ಮ ಭಾಷೆಯಲ್ಲಿ ಬಾಯಿ ತೆರೆದ ಕೂಡಲೇ ಯಾರನ್ನು ಎಲ್ಲಿಟ್ಟಿದ್ದೇವೆ ಅಂತ ತಿಳಿದುಬಿಡುತ್ತದೆ. ಇಪ್ಪತ್ತೈದರ ಡಾಕ್ಟರಿಗೆ "ಬನ್ನಿ ಸರ್", ಐವತ್ತರ ಆಯಾಗೆ "ಬಾರೇ ಇಲ್ಲಿ". ನಾನೂ ಹಾಗೇ ಕರೆಯುತ್ತಿದ್ದೆ. ಮನೆಯಲ್ಲಿ ಅಮ್ಮನಿಗೆ ನೀನು ಅನ್ನುವುದು ಪ್ರೀತಿ, ಅದು ಬೇರೆ ಮಾತು. ಕೆಲಸದ ಜಾಗದಲ್ಲಿ ಸಂಬಳ ನೋಡಿ ನೀನು ನೀವು ಆಗುತ್ತದಲ್ಲ, ಅದನ್ನು ಬಿಡಬೇಕು. ಹೆಸರಿಗೆ ಅಕ್ಕ, ಅಣ್ಣ ಸೇರಿಸಿ ಕರೆದು ಒಂದು ಪ್ರಶ್ನೆ ಕೇಳಿ ನೋಡಿ: "ಅಕ್ಕಾ, ಇವತ್ತು ಏನಾದ್ರೂ ಬೇರೆ ಥರ ಕಾಣ್ತಿದೆಯಾ ನಿಮಗೆ?" ಹಾಗೆ ಕೇಳಿದ ಒಂದು ದಿನ ನಮ್ಮ ಆಯಾ ಹೇಳಿದರು, "ಆರನೇ ಬೆಡ್ಡಿನ ಅಜ್ಜ ಬೆಳಗಿನಿಂದ ಒಂದಕ್ಕೇ ಹೋಗಿಲ್ಲ ಮೇಡಂ." ಬೆಡ್‌ಪ್ಯಾನ್ ತೆಗೆಯುವವರು ಅವರು. ನಮ್ಮ ಚಾರ್ಟಿಗಿಂತ ಮೊದಲು ಅವರಿಗೆ ಗೊತ್ತಿತ್ತು. ವಿಶ್ವ ಆರೋಗ್ಯ ಸಂಸ್ಥೆ 2008ರಲ್ಲಿ ಆಪರೇಷನ್‌ಗೆ ಅಂತ 19 ಅಂಶಗಳ ಒಂದು ಪಟ್ಟಿ ತಂದಿತು. ಕೊಯ್ಯುವ ಮೊದಲು ತಂಡದಲ್ಲಿರುವ ಎಲ್ಲರೂ ತಮ್ಮ ಹೆಸರು, ಕೆಲಸ ಹೇಳಬೇಕು ಅನ್ನುವುದೂ ಅದರಲ್ಲಿದೆ. ಒಂದು ಸಲ ಹೆಸರು ಹೇಳಿ ಬಾಯಿ ಬಿಟ್ಟವರಿಗೆ ಆಮೇಲೆ "ನಿಲ್ಲಿಸಿ" ಅನ್ನುವುದು ಸುಲಭ.

ಒಂದು ಮಾತು ಖಂಡಿತ ಹೇಳಬೇಕು. "ತಗ್ಗಿ ಬಗ್ಗಿ ನಡಿ" ಅಂತ ನಮ್ಮಲ್ಲಿ ಹೇಳುವುದು ಯಾರಿಗೆ? ಸೊಸೆಗೆ, ಕೆಲಸದವರಿಗೆ, ಹೊಸದಾಗಿ ಸೇರಿದ ಹುಡುಗಿಗೆ. ಈಗಾಗಲೇ ಬಗ್ಗಿದವರಿಗೆ ಈ ಪಾಠ ಬೇಡವೇ ಬೇಡ. ಅವರು ಕಲಿಯಬೇಕಾದ್ದು ಅವತ್ತು ಆ ಹುಡುಗಿ ಮಾಡಿದ್ದನ್ನು, ಮೆಲ್ಲಗೆ ಆದರೂ ಬಾಯಿ ಬಿಟ್ಟು ಹೇಳುವುದನ್ನು. ನಾನು ಬರೆಯುತ್ತಿರುವುದು ಬೀಗದ ಕೈ ಯಾರ ಸೊಂಟದಲ್ಲಿದೆಯೋ ಅವರಿಗೆ.

ಈಗ ನಾನು ರಿಟೈರ್ ಆಗಿದ್ದೇನೆ. ನಮ್ಮ ಯಜಮಾನರಿಗೆ ಸಕ್ಕರೆ ಕಾಯಿಲೆ, ದಿನಾ ಎರಡು ಹೊತ್ತು ಇನ್ಸುಲಿನ್ ಕೊಡುವವಳು ನಾನೇ. ಎಳೆದ ಮೇಲೆ ಸಿರಿಂಜನ್ನು ಕಿಟಕಿ ಬೆಳಕಿಗೆ ಹಿಡಿದು ಒಂಬತ್ತು ವರ್ಷದ ಮೊಮ್ಮಗಳನ್ನು ಕರೆಯುತ್ತೇನೆ. "ಎಷ್ಟಿದೆ ಓದು ಪುಟ್ಟಿ." ಅವಳು ಬಾಟಲಿ ಮೇಲಿನ ಅಂಕಿ ಓದುತ್ತಾಳೆ, ಮುಚ್ಚಳದ ಬಣ್ಣ ಹೇಳುತ್ತಾಳೆ, ಆಮೇಲೆ ಗೆರೆ ಎಣಿಸುತ್ತಾಳೆ. ನಿನ್ನೆ ಎಣಿಸುತ್ತಾ ನಿಲ್ಲಿಸಿದಳು. "ಅಜ್ಜಿ, ಒಳಗೆ ಗುಳ್ಳೆ ಇದೆ."

"ಹೌದಾ? ತೋರಿಸು ನೋಡೋಣ" ಅಂದೆ. ಇತ್ತು. ಬೆರಳಿನಿಂದ ತಟ್ಟಿ, ಗುಳ್ಳೆ ಹೊರಗೆ ಬಿಟ್ಟು, ಮತ್ತೆ ಅವಳ ಕಣ್ಣ ಮುಂದೆ ಹಿಡಿದೆ.