ಒಂಟಿ ಕಾಲಿನ ಕ್ರೌಂಚವನ್ನು ತೆರೆಗೆ ತಂದ ಬಗೆ

ಕಿರುಚಿತ್ರದ ಕೊನೆಯನ್ನು ಮೊದಲೇ ಹೇಳಿಬಿಟ್ಟರೆ ಯಾರು ಕೂತು ನೋಡ್ತಾರೆ ಅಂತ ನಮ್ಮ ತಂಡದವರೇ ತಕರಾರು ತೆಗೆದಿದ್ದರು. ಹದಿನಾಲ್ಕನೇ ಶತಮಾನದ ಇಟಲಿಯ ಲೇಖಕ ಬೊಕಾಚ್ಚೊ ತನ್ನ ನೂರು ಕಥೆಗಳ 'ಡೆಕಮೆರಾನ್'ನಲ್ಲಿ ಮಾಡಿದ್ದು ಅದನ್ನೇ: ಪ್ರತಿ ಕಥೆಯ ನೆತ್ತಿಯಲ್ಲೇ ಸಾರಾಂಶ, ಗುಟ್ಟೆಲ್ಲ ಬಯಲು. ಆರನೇ ದಿನದ ನಾಲ್ಕನೇ ಕಥೆ ತಗೊಳ್ಳಿ. ಅಡುಗೆಯವ ಕಿಕಿಬಿಯೊ ಹುರಿದ ಕ್ರೌಂಚದ ಒಂದು ತೊಡೆಯನ್ನು ಬ್ರುನೆತ್ತಾಗೆ ಕೊಟ್ಟುಬಿಟ್ಟು, ಯಜಮಾನ ಕುರ್ರಾದೊ ಕೇಳಿದಾಗ 'ಕ್ರೌಂಚಕ್ಕೆ ಇರೋದೇ ಒಂದು ಕಾಲು' ಅಂತಾನೆ. ಮರುದಿನ ಬೆಳಿಗ್ಗೆ ಅದನ್ನು ತೋರಿಸು ಅಂತ ಯಜಮಾನ ಅವನನ್ನು ಕ್ರೌಂಚಗಳಿರೋ ಕಡೆ ಕರೆದೊಯ್ದರೆ, ಅವು ಒಂಟಿ ಕಾಲಲ್ಲೇ ನಿಂತಿರುತ್ತವೆ. ಥಟ್ಟನೆ ಹೊಳೆದ ಒಂದು ಮಾತಿನಿಂದ ಪಾರಾಗುತ್ತಾನೆ ಅನ್ನೋದು ತಲೆಬರಹದಲ್ಲೇ ಇದೆ. ಅದನ್ನೇ ತೆರೆಯ ಮೇಲೆ ಬರೋ ಮೊದಲ ಬರಹದ ಕಾರ್ಡ್ ಮಾಡಿದೆ. 'ಮುಂದೇನು' ಹೋಗಿ 'ಅದ್ಯಾವ ಮಾತು' ಅಂತ ಜನ ಕಾಯತೊಡಗಿದರು.

ಅದಕ್ಕೂ ಮುಂಚಿನ ಕರಡಿನಲ್ಲಿ 1348ರ ಪ್ಲೇಗು, ಊರು ಬಿಟ್ಟು ಹೋಗಿ ಈ ಕಥೆಗಳನ್ನು ಹೇಳೋ ಹತ್ತು ಜನ, ನಿರೂಪಕಿಯ ದನಿ ಎಲ್ಲ ಇತ್ತು. ಹದಿನಾಲ್ಕು ನಿಮಿಷದಲ್ಲಿ ನಾಲ್ಕು ನಿಮಿಷ ಅದೇ ನುಂಗಿತು. ಇಟಲಿಯ ಚಿತ್ರ ನಿರ್ದೇಶಕ ಪಸೋಲಿನಿ ತನ್ನ 'ಡೆಕಮೆರಾನ್' ಚಿತ್ರದಲ್ಲಿ 1971ರಲ್ಲೇ ಆ ಚೌಕಟ್ಟು ಕೈಬಿಟ್ಟು ಕಥೆಗಳನ್ನು ನೇಪಲ್ಸ್‌ಗೆ ಒಯ್ದಿದ್ದ. ನಾನು ಕಥೆಯ ಊರು ಬದಲಿಸಲಿಲ್ಲ, ಅಡುಗೆಯವನ ವೆನಿಸ್ ರಾಗವನ್ನೂ ಬಿಡಲಿಲ್ಲ. ಮೂಲಕ್ಕೆ ಹಕ್ಕುಸ್ವಾಮ್ಯದ ರಗಳೆಯಿಲ್ಲ. ಹೊಸ ಅನುವಾದಗಳಿಗೆ ಇರುತ್ತೆ, ಅದಕ್ಕೇ ಇಟಾಲಿಯನ್ನನ್ನೇ ಹಿಡಿದೆ.

ಕಥೆಯ ಪೆರೆತೊಲದಲ್ಲಿ ಈಗ ಫ್ಲಾರೆನ್ಸ್ ವಿಮಾನ ನಿಲ್ದಾಣ. ಸದ್ದು ಹಿಡಿಯೋದು ಸಾಧ್ಯವೇ ಇಲ್ಲ, ಹಾಗಾಗಿ ದೂರದ ಜೌಗಿಗೆ ಹೋದೆವು. ಹಕ್ಕಿಗಳು ಆರು ಮಿಲಿಮೀಟರ್ ಪ್ಲೈವುಡ್ಡಿನವು, ಹನ್ನೆರಡೋ ಹದಿಮೂರೋ. ಮುಂದಿನ ಎರಡಕ್ಕೆ ಮಾತ್ರ ತೊಡೆಯಲ್ಲಿ ಕೀಲು, ಎಳೆಯಲು ಮೀನುಗಾಳದ ದಾರ. ಮೊದಲ ಬೆಳಿಗ್ಗೆ ದಾರ ಮಿಂಚಿತು, ಹಲಗೆಯ ಅಂಚು ಬೆಳ್ಳಗೆ ಹೊಳೆಯಿತು. ದಾರಕ್ಕೆ ಕಪ್ಪು ಮಾರ್ಕರ್, ಅಂಚಿಗೆ ಹೊಳಪಿಲ್ಲದ ಬಣ್ಣ ಹಚ್ಚಿ, ದೂರದಿಂದ ಹಿಡಿಯೋ 135 ಮಿಲಿಮೀಟರ್ ಲೆನ್ಸಿನಲ್ಲಿ ಮಂಜು ಕರಗೋ ಮುಂಚೆ ತೆಗೆದದ್ದು ನಿಂತಿತು. ಗಾಳಿ ಎದ್ದರೆ ಎಲ್ಲ ಒಟ್ಟಿಗೆ ತಲೆಯಾಡಿಸುತ್ತವೆ. ಬುಡದಲ್ಲಿ ಮರಳುಮೂಟೆ ಬೇಕೇ ಬೇಕು. ಹಾರಿಸಿದ್ದು ಹೇಗೆ ಅನ್ನೋದು ನನ್ನಲ್ಲೇ ಇರಲಿ.

ಊಟದ ದೃಶ್ಯದಲ್ಲಿ ಕ್ರೌಂಚದ ಬದಲು ತಟ್ಟೆಯಲ್ಲಿದ್ದದ್ದು ಹೆಬ್ಬಾತು. ಕಾಲು ಗಿಡ್ಡ, ಹೀಗಾಗಿ ಒಂದು ಕಾಲಿಲ್ಲ ಅನ್ನೋದೇ ಕಾಣಲಿಲ್ಲ. ಉಳಿದ ಕಾಲಿಗೆ ತಂತಿ, ಜೇಡಿಯಿಂದ ಉದ್ದದ ಕಣಕಾಲು ಜೋಡಿಸಿದ ಮೇಲೆ ಖಾಲಿ ಜಾಗ ಕಣ್ಣಿಗೆ ಹೊಡೆಯಿತು. ಅಡುಗೆಮನೆಯಲ್ಲಿ ಟೊಮೇಟೊ, ಮೆಣಸಿನಕಾಯಿ, ಜೋಳದ ತೆನೆ ಕಂಡರೆ ಕಿತ್ತುಹಾಕಿ. ಅವು ಯುರೋಪಿಗೆ ಬಂದದ್ದು ಕೊಲಂಬಸ್ ಆದಮೇಲೆ.

ಇದರ ನಡುವೆ 'ಡೆಕಮೆರಾನ್'ನ ಇನ್ನೊಂದು ಕಥೆ, ಮೆಸ್ಸೀನಾದ ಲಿಸಬೆತ್ತಾಳದ್ದನ್ನೂ ಸ್ವಲ್ಪ ತೆಗೆದು ನೋಡಿದೆ. ಪ್ರಿಯಕರನ ತಲೆ ಹೂತ ಕುಂಡದ ತುಳಸಿ ಜಾತಿಯ ಗಿಡ ಲೈಟಿನ ಕಾವಿಗೆ ಗಂಟೆಯಲ್ಲಿ ಜೋಲುತ್ತೆ. ನಾಲ್ಕೈದು ಕುಂಡ ಬದಲಿಸಿ ಬಿಟ್ಟೆ.

 ಕೊನೆಗೆ ಜೌಗಿನಲ್ಲಿ ಕುರ್ರಾದೊ 'ಹೋ ಹೋ' ಅಂದಾಗ ಕ್ರೌಂಚಗಳ ಎರಡನೇ ಕಾಲು ಇಳಿಯುತ್ತೆ. 'ನಿನ್ನೆ ರಾತ್ರಿಯ ಹಕ್ಕಿಗೆ ತಾವು ಹೋ ಹೋ ಅನ್ನಲಿಲ್ಲವಲ್ಲ' ಅಂತಾನೆ ಕಿಕಿಬಿಯೊ. ಇಲ್ಲಿ ಕುರ್ರಾದೊನ ಮುಖದ ಮೇಲೆ ಎರಡು ಸೆಕೆಂಡ್ ನಿಲ್ಲಿ, ಸಂಗೀತ ಬೇಡ. ಮೊದಲ ಕಟ್‌ನಲ್ಲಿ ಅರ್ಧ ಸೆಕೆಂಡ್ ಬಿಟ್ಟಿದ್ದೆ, ಒಬ್ಬರೂ ನಗಲಿಲ್ಲ.