ಸೋಲಾರ್ ಪ್ಯಾನಲ್ ತೊಳೆಯೋಕೆ ಅದರ ಮೇಲೆ ಬಿದ್ದ ಮಳೆ ನೀರೇ ಸಾಕು: ನನ್ನ ಅನುಭವ

ಚಳ್ಳಕೆರೆ, ಹಿರಿಯೂರು ಕಡೆ ಒಂದೆರಡು ಮೆಗಾವ್ಯಾಟ್‌ನ ಸಣ್ಣ ಪ್ಲಾಂಟ್ ನೋಡಿಕೊಳ್ಳುವವರಿಗೆ ತೊಳೆಯೋ ನೀರಿನ ತಲೆನೋವು ಗೊತ್ತೇ ಇದೆ. ಚಳ್ಳಕೆರೆ ತಾಲ್ಲೂಕಿನಲ್ಲಿ ನಾನು ನೋಡಿಕೊಳ್ಳುವ ಒಂದು ಮೆಗಾವ್ಯಾಟ್ ಪ್ಲಾಂಟಿಗೆ ಈಗ ಬೋರ್ ನೀರೂ ಬೇಡ, ಟ್ಯಾಂಕರೂ ಬೇಡ. ಪ್ಯಾನಲ್ ಮೇಲೆ ಬಿದ್ದ ಮಳೆಯನ್ನೇ ಹಿಡಿದಿಟ್ಟುಕೊಂಡು ವರ್ಷಪೂರ್ತಿ ತೊಳೆಯುತ್ತಿದ್ದೇವೆ. "ಚಳ್ಳಕೆರೆ ಮಳೆ ನಂಬಿಕೊಂಡು ಪ್ಲಾಂಟ್ ನಡೆಸ್ತೀಯೇನಪ್ಪಾ?" ಅಂದವರೇ ಈಗ ಟೇಪ್ ಹಿಡಿದು ಅಳತೆ ತಗೊಂಡು ಹೋಗುತ್ತಿದ್ದಾರೆ.

ಮೊದಲು ನಮ್ಮದೂ ಬೋರ್ ನೀರೇ. ಆರುನೂರು ಅಡಿ, ನೀರಿಗೇನೂ ಬರವಿರಲಿಲ್ಲ. ಆದರೆ ಟಿಡಿಎಸ್ (ನೀರಿನಲ್ಲಿ ಕರಗಿದ ಲವಣ) ಮೀಟರ್ ಅದ್ದಿದರೆ 1,300ರ ಆಸುಪಾಸು, ಪಕ್ಕಾ ಸವಳು. ತೊಳೆದ ದಿನ ಗಾಜು ಫಳಫಳ ಅನ್ನುತ್ತಿತ್ತು. ಒಣಗಿದ ಮೇಲೆ ಬಿಳಿ ಚುಕ್ಕಿ. ವರ್ಷ ಕಳೆಯುವಷ್ಟರಲ್ಲಿ ಕೆಳಗಿನ ಅಂಚಿಗೆ ಬೆರಳಗಲ ಸುಣ್ಣದ ಪಟ್ಟಿ ಕಟ್ಟಿತು. ನಮ್ಮ ಪ್ಯಾನಲ್‌ಗಳು ಉದ್ದಕ್ಕೆ ನಿಂತಿವೆ. ಪ್ಯಾನಲ್ಲಿನ ಸೆಲ್ಲುಗಳು ಮೂರು ಭಾಗವಾಗಿರುತ್ತವೆ, ಭಾಗಕ್ಕೊಂದು ಡಯೋಡ್. ಉದ್ದಕ್ಕೆ ನಿಂತಾಗ ಕೆಳಸಾಲಿನ ಸೆಲ್ಲಿಗೆ ಮರೆ ಬಿದ್ದರೆ ಮೂರೂ ಭಾಗಕ್ಕೆ ಪೆಟ್ಟು. ಅಡ್ಡ ಮಲಗಿಸಿದ್ದರೆ ಮೂರರಲ್ಲಿ ಒಂದಕ್ಕೆ ಮಾತ್ರ. ಒಂದು ಸ್ಟ್ರಿಂಗ್ (ಒಂದರ ಹಿಂದೊಂದು ಜೋಡಿಸಿದ ಪ್ಯಾನಲ್ ಸಾಲು) ಪೂರ್ತಿ ಕಲೆ ಉಜ್ಜಿಸಿ, ಪಕ್ಕದ್ದನ್ನು ಹಾಗೇ ಬಿಟ್ಟು, ಕರೆಂಟ್ ಅಳೆಯುವ ಕ್ಲ್ಯಾಂಪ್ ಮೀಟರ್ ಹಿಡಿದೆ. ಉಜ್ಜದ್ದರಲ್ಲಿ ನೂರಕ್ಕೆ ಎರಡು ಮೂರು ಕಡಿಮೆ. ಸಣ್ಣದು ಅನ್ನಿಸುತ್ತೆ, ಅಲ್ವಾ? ವರ್ಷಕ್ಕೆ ಸುಮಾರು 15 ಲಕ್ಷ ಯೂನಿಟ್ ಕೊಡುವ ಪ್ಲಾಂಟಿನಲ್ಲಿ ನೂರಕ್ಕೆ ಎರಡು ಅಂದರೆ 30,000 ಯೂನಿಟ್. ಯೂನಿಟ್ಟಿಗೆ ಆರೂವರೆ ರೂಪಾಯಿ ಹಿಡಿದರೆ ಎರಡು ಲಕ್ಷದ ಹತ್ತಿರ. ಟ್ಯಾಂಕರ್ ದುಡ್ಡಿಗೆ ಎಲ್ಲರೂ ಕೊರಗುತ್ತಾರೆ, ಈ ಸುಣ್ಣ ತಿನ್ನುವ ದುಡ್ಡಿನ ಲೆಕ್ಕ ಯಾರೂ ಹಾಕಲ್ಲ.

ಬೇರೆ ದಾರಿ ನೋಡದೆ ಇರಲಿಲ್ಲ. ಯಾರೋ ಹೇಳಿದ ಆಸಿಡ್ ಕಲಸಿದ ನೀರನ್ನು ಎರಡು ಹಳೇ ಪ್ಯಾನಲ್ ಮೇಲೆ ನೋಡಿದೆವು. ಸುಣ್ಣ ಹೋಯಿತು, ಜೊತೆಗೆ ಅಲ್ಯುಮಿನಿಯಂ ಫ್ರೇಮಿನ ಬಣ್ಣವೂ ಹೋಯಿತು. ಅಲ್ಲಿಗೆ ಅದು ಮುಗಿಯಿತು. ಆಮೇಲೆ ಸಣ್ಣ ಆರ್‌ಒ ಯೂನಿಟ್. ಎರಡು ಲೀಟರ್ ಎತ್ತಿದರೆ ಒಂದು ಲೀಟರೂ ಸರಿಯಾಗಿ ಸಿಗಲಿಲ್ಲ, ಉಳಿದದ್ದು ಇನ್ನೂ ಸವಳಾಗಿ ಮಣ್ಣಿಗೆ. ಮೆಂಬ್ರೇನ್ ಖರ್ಚು ಬೇರೆ. ಆರ್‌ಒ ನೀರನ್ನೇ ಟ್ಯಾಂಕರಿನಲ್ಲಿ ತರಿಸಿದರೆ ಐದು ಸಾವಿರ ಲೀಟರಿಗೆ ಎರಡು ಸಾವಿರ ಬೀಳುತ್ತಿತ್ತು. ಒಂದು ಕಂಪನಿಯವರು ನೀರೇ ಬೇಡದ ರೋಬೋಟ್ ತಂದು ತೋರಿಸಿದರು. ನಮ್ಮದು ಇಳಿಜಾರು ಜಮೀನು, ಟೇಬಲ್‌ಗಳು (ಪ್ಯಾನಲ್ ಕೂರಿಸಿದ ಚೌಕಟ್ಟುಗಳು) ಒಂದೇ ಮಟ್ಟದಲ್ಲಿಲ್ಲ. ಎರಡನೇ ಟೇಬಲ್ಲಿಗೇ ಸಿಕ್ಕಿಹಾಕಿಕೊಂಡು ನಿಂತಿತು. ಅವರು ಕೇಳಿದ ರೇಟಿಗೆ ಅದು ಆಗದ ಮಾತು. ಒಣ ಬ್ರಷ್ಷಿನಲ್ಲಿ ಎರೆ ಮಣ್ಣಿನ ಧೂಳು ಉಜ್ಜಿದರೆ ಗಾಜಿಗೆ ಗೀರು.

ಇಷ್ಟಾದ ಮೇಲೆ ಪ್ಯಾನಲ್ಲನ್ನೇ ಛಾವಣಿ ಅಂತ ನೋಡಿದೆ. ನಮ್ಮಲ್ಲಿ ಮೂರು ಸಾವಿರ ಚಿಲ್ಲರೆ ಪ್ಯಾನಲ್ ಇವೆ. ಒಂದೊಂದು ಹತ್ತಿರ ಎರಡು ಚದರ ಮೀಟರ್, ಒಟ್ಟು ಆರು ಸಾವಿರ ಚದರ ಮೀಟರ್ ಗಾಜು. ಒಂದು ಚದರ ಮೀಟರಿಗೆ ಒಂದು ಮಿ.ಮೀ. ಮಳೆ ಬಿದ್ದರೆ ಒಂದು ಲೀಟರ್. ನಮ್ಮ ಕಡೆ ವರ್ಷಕ್ಕೆ 500 ಮಿ.ಮೀ. ಅಂದುಕೊಂಡರೂ 30 ಲಕ್ಷ ಲೀಟರ್ ಸುಮ್ನೆ ಹರಿದು ಹೋಗುತ್ತಿತ್ತು. ತೊಳೆಯೋಕೆ ಬೇಕಿದ್ದದ್ದು ಪ್ಯಾನಲ್ಲಿಗೆ ಎರಡು ಲೀಟರಿನಂತೆ ಒಂದು ಸಲಕ್ಕೆ ಆರು ಸಾವಿರ, ತಿಂಗಳಿಗೆ ಎರಡು ಸಲ ಅಂದರೆ ವರ್ಷಕ್ಕೆ ಒಂದೂವರೆ ಲಕ್ಷ ಲೀಟರ್. ಪ್ಯಾನಲ್ಲಿನ ಕೆಳ ಅಂಚಿಗೆ ನೀರು ಹಿಡಿಯುವ ದೋಣಿ ಕಟ್ಟಿ, ಆ ನೀರನ್ನು ಒಂದು ಹೊಂಡಕ್ಕೆ ಬಿಡುವುದು ಅಂತ ಆಯಿತು. ಇಡೀ ಪ್ಲಾಂಟಿಗೆ ದೋಣಿ ಕಟ್ಟಬೇಕಾಗಿಲ್ಲ. ಹೊಂಡದ ಹತ್ತಿರದ ಸಾಲುಗಳ ಮುನ್ನೂರೈವತ್ತು ಪ್ಯಾನಲ್ ಸಾಕು.

ದೋಣಿಯಲ್ಲೇ ಜಾಸ್ತಿ ದಿನ ಹೋಯಿತು. ಆರು ಇಂಚಿನ ಪಿವಿಸಿ ಪೈಪನ್ನು ಉದ್ದಕ್ಕೆ ಸೀಳಿ ಕಟ್ಟಿದೆವು. ಒಂದು ಬೇಸಿಗೆಗೆ ಸೊಟ್ಟಗಾಗಿ ಪುಡಿ ಬಂತು. ಜಿಐ ತಗಡು ಹಾಕಿದೆವು. ಸಾಧಾರಣ ಮಳೆಗೆ ಚೆನ್ನಾಗಿತ್ತು, ಗುಡುಗು ಮಳೆಗೆ ನೀರು ದೋಣಿ ಹಾರಿ ಆಚೆ ಬೀಳುತ್ತಿತ್ತು. ಗಾಳಿ ಇದ್ದರಂತೂ ಅರ್ಧವೂ ಸಿಗುತ್ತಿರಲಿಲ್ಲ. ದೋಣಿಯನ್ನು ಮೇಲಕ್ಕೆ ಒತ್ತಿದರೆ ಪ್ಯಾನಲ್ ಅಂಚಿಗೆ ನೆರಳು. ಕೊನೆಗೆ ತಗಡಿನ ಹೊರ ತುಟಿಯನ್ನು ಒಂದು ರೀತಿ ಮಡಿಸಿದೆವು. ಈಗ ಬಿದ್ದದ್ದರಲ್ಲಿ ಮೂರರಲ್ಲಿ ಎರಡು ಪಾಲು ಹೊಂಡ ಸೇರುತ್ತೆ, ನೆರಳೂ ಇಲ್ಲ. ಆ ಮಡಿಕೆಯ ಅಳತೆ ಕಂಡುಕೊಳ್ಳೋಕೆ ನನಗೆ ಎರಡು ಮಳೆಗಾಲ ಬೇಕಾಯಿತು, ಅದನ್ನು ಇಲ್ಲಿ ಬರೆಯಲ್ಲ. ನಿಮ್ಮ ಟೇಬಲ್ಲಿನ ವಾಲಿಗೆ ಅದು ಬೇರೆಯೇ ಬರುತ್ತೆ.

ಹೊಂಡ ಮೇಲೆ ನಲವತ್ತಕ್ಕೆ ನಲವತ್ತು ಅಡಿ, ಆಳ ಹತ್ತು ಅಡಿ, ಪಕ್ಕಕ್ಕೆ ಇಳಿಜಾರು. ಎರಡೂವರೆ ಲಕ್ಷ ಲೀಟರ್ ಹಿಡಿಯುತ್ತೆ. ಕೃಷಿ ಹೊಂಡಕ್ಕೆ ಹಾಕುವ 500 ಮೈಕ್ರಾನ್ ಶೀಟೇ ಇದಕ್ಕೂ ಹಾಕಿದ್ದು. ಮೇಲೆ ಶೇಡ್ ನೆಟ್ ಬಿಗಿದೆವು. ಇಲ್ಲದಿದ್ದರೆ ನಮ್ಮ ಬಿಸಿಲಿಗೆ ಆವಿಯಾಗಿಯೇ ಖಾಲಿಯಾಗುತ್ತೆ, ಪಾಚಿ ಬೇರೆ. ಮೊದಲ ಎರಡು ಮಳೆಯ ನೀರನ್ನು ಹೊಂಡಕ್ಕೆ ಬಿಡುವುದಿಲ್ಲ. ಧೂಳು, ಹಕ್ಕಿ ಹಿಕ್ಕೆ ಎಲ್ಲಾ ಅದರಲ್ಲೇ ಬರುತ್ತೆ. ಜೆಸಿಬಿ, ಶೀಟು, ನೆಟ್ಟು, ತಗಡು, ಪೈಪು, ಸಣ್ಣ ಮೋಟಾರು ಎಲ್ಲಾ ಸೇರಿ ಒಂದೂವರೆ ಲಕ್ಷ ದಾಟಲಿಲ್ಲ ಅಂತ ನೆನಪು. ಸುಣ್ಣದಿಂದ ಹೋಗುತ್ತಿದ್ದ ಯೂನಿಟ್ ಒಂದೇ ಅದನ್ನು ಒಂದು ವರ್ಷದಲ್ಲಿ ತೀರಿಸಿತು.

ತೋಡಿದ್ದು 2023ರ ಮುಂಗಾರಿಗೆ ಮುಂಚೆ. ಆ ವರ್ಷವೇ ಬರ. ರಾಜ್ಯದ ಬಹುಪಾಲು ತಾಲ್ಲೂಕುಗಳನ್ನು ಬರಪೀಡಿತ ಅಂತ ಘೋಷಿಸಿದ ವರ್ಷ ಅದು. ಜಲಾಶಯ ತುಂಬದೆ ರಾಜ್ಯಕ್ಕೇ ಕರೆಂಟಿನ ಅಭಾವ, ಪಂಪ್‌ಸೆಟ್ಟಿಗೆ ಐದು ಗಂಟೆ ಕೊಡುವುದೂ ಕಷ್ಟವಾಗಿತ್ತು. ಟ್ಯಾಂಕರಿನವರು ಕೇಳಿದ್ದೇ ರೇಟು. ಕುಡಿಯೋ ನೀರಿಗೆ ಊರು ಪರದಾಡುವಾಗ ಗಾಜು ತೊಳೆಯೋಕೆ ಟ್ಯಾಂಕರ್ ತರಿಸಿಕೊಳ್ಳುವುದು ನನಗೆ ಮನಸ್ಸಿಗೆ ಒಗ್ಗುವುದಿಲ್ಲ. ಹೊಂಡ ಅರ್ಧಕ್ಕಿಂತ ಕಮ್ಮಿ ತುಂಬಿತು. ಆದರೂ ಮುಂದಿನ ಮೇ ಕೊನೆಗೆ ತಳದಲ್ಲಿ ಮೊಣಕಾಲುದ್ದ ನೀರಿತ್ತು, ಟಿಡಿಎಸ್ ನೂರರೊಳಗೇ.

ಸಾಕಾದದ್ದಕ್ಕೆ ಕಾರಣ ಇಬ್ಬನಿ. ನವೆಂಬರಿನಿಂದ ಜನವರಿವರೆಗೆ ಬೆಳಗಿನ ಜಾವ ಗಾಜು ತಾನೇ ನೆನೆದಿರುತ್ತೆ. ಆಗ ರಬ್ಬರ್ ವೈಪರ್ ಎಳೆದು, ಅಂಚಿಗೆ ಇಳಿದ ಕೆಸರಿಗೆ ಮಾತ್ರ ನೀರು ಬಿಟ್ಟರೆ ಮುಗಿಯಿತು. ಪ್ಯಾನಲ್ಲಿಗೆ ಒಂದು ಲೀಟರೂ ಬೇಕಾಗಲ್ಲ. ವೈರ್ ಜೋಡಿಸುವ ಕನೆಕ್ಟರ್ ಕಡೆ ನೀರು ಚಿಮ್ಮಿದರೆ ಬೆಳಿಗ್ಗೆ ಇನ್ವರ್ಟರ್ ಇನ್ಸುಲೇಷನ್ ಅಲಾರಂ (ಕರೆಂಟ್ ಸೋರಬಹುದು ಅನ್ನುವ ಎಚ್ಚರಿಕೆ) ಹೊಡೆದು ತಡವಾಗಿ ಏಳುತ್ತೆ, ಅಷ್ಟು ನೋಡಿಕೊಳ್ಳಿ. ಹುಡುಗರಿಗೆ ಗಮ್‌ಬೂಟ್, ಹೆಡ್‌ಲೈಟ್ ಕೊಡದೆ ಆ ಹೊತ್ತಿಗೆ ಇಳಿಸಬೇಡಿ, ಕೊಳಕುಮಂಡಲ ಇರುತ್ತೆ.

ಇನ್ನೊಂದು, ಕ್ಯಾಲೆಂಡರ್ ನೋಡಿ ತೊಳೆಯೋದನ್ನು ಬಿಟ್ಟೆವು. ಒಂದು ಸ್ಟ್ರಿಂಗನ್ನು ಯಾವಾಗಲೂ ಚೊಕ್ಕವಾಗಿಟ್ಟು, ಮಿಕ್ಕವುಗಳ ಆಂಪಿಯರ್ ಅದಕ್ಕಿಂತ ಎಷ್ಟು ಇಳಿದಾಗ ತೊಳೆಯಬೇಕು ಅಂತ ಒಂದು ಗೆರೆ ಹಾಕಿಕೊಂಡಿದ್ದೇನೆ. ಗೆರೆ ಎಲ್ಲಿ ಅನ್ನೋದು ನಿಮ್ಮ ಕೂಲಿ, ನಿಮ್ಮ ಯೂನಿಟ್ ದರದ ಮೇಲೆ. ನಮಗೆ ತೊಳೆಯೋದು ವರ್ಷಕ್ಕೆ ಹದಿನೈದು ಸಲಕ್ಕೆ ಇಳಿಯಿತು, ನೀರು ಐವತ್ತು ಸಾವಿರ ಲೀಟರಿಗೆ. ಒಂದು ಯೂನಿಟ್ ಕರೆಂಟಿಗೆ ಬರೀ 30-35 ಮಿ.ಲೀ. ನೀರು. 2015ರ ಡಿಸೆಂಬರಿನಲ್ಲಿ ಕೇಂದ್ರ ಪರಿಸರ ಸಚಿವಾಲಯ ಹಳೇ ಕಲ್ಲಿದ್ದಲು ಸ್ಥಾವರಗಳಿಗೆ ಹಾಕಿದ ಮಿತಿಯೇ ಯೂನಿಟ್ಟಿಗೆ ಮೂರೂವರೆ ಲೀಟರ್. ರಾಯಚೂರಿನ ಶಕ್ತಿನಗರದ ಕಲ್ಲಿದ್ದಲು ಸ್ಥಾವರಕ್ಕೆ ಪಕ್ಕದಲ್ಲೇ ಕೃಷ್ಣೆ ಇದ್ದಾಳೆ, ನಡೆಯುತ್ತೆ. ನಮ್ಮ ಚಳ್ಳಕೆರೆಗೆ ಬಿಸಿಲು, ಗಾಳಿಯ ಕರೆಂಟೇ ಸರಿ ಅಂತ ನಾನು ಧೈರ್ಯವಾಗಿ ಹೇಳುತ್ತೇನೆ.

ಹೊಂಡದಲ್ಲಿ ಮಿಕ್ಕ ನೀರಿಗೆ ಬೇರೆ ಕೆಲಸ ಸಿಕ್ಕಿತು. ಗಾಳಿ ಬರುವ ಪಡುವಣ ಬೇಲಿಗೆ ಹೊಂಗೆ, ನೆಲ್ಲಿ ಸಸಿ ಹಾಕಿ ಹನಿ ನೀರು ಕೊಟ್ಟೆ. ಸಾಲುಗಳ ನಡುವೆ ಹುಲ್ಲು ಹಿಡಿಸಿದೆ. ಹುಲ್ಲು ಬಂದ ಮೇಲೆ ಧೂಳು ಏಳುವುದೇ ಕಮ್ಮಿಯಾಯಿತು, ಅಂದರೆ ತೊಳೆಯೋದೂ ಕಮ್ಮಿ. ಕತ್ತರಿಸೋಕೆ ಮಷೀನ್ ಬಿಟ್ಟರೆ ಕಲ್ಲು ಸಿಡಿದು ಗಾಜು ಒಡೆಯುತ್ತೆ. ಹತ್ತಿರದ ಹಟ್ಟಿಯವರ ಕುರಿ ಬಿಡಿಸಿದೆ. ಮೇಕೆ ಮಾತ್ರ ಬೇಡ, ಪ್ಯಾನಲ್ ಮೇಲೇ ಹತ್ತಿ ನಿಲ್ಲುತ್ತವೆ. ಪ್ಯಾನಲ್ ನೆರಳಲ್ಲಿ ಕೊತ್ತಂಬರಿ, ಮೆಂತ್ಯ ಹಾಕಿದ್ದೂ ಉಂಟು. ಮೆಂತ್ಯ ಬಂತು, ಕೊತ್ತಂಬರಿ ಅಷ್ಟಾಗಿ ಏಳಲಿಲ್ಲ. ಈ ಸಲ ಕರಿಬೇವು ನೋಡಬೇಕು.

ಮಾಡುವವರು ದೋಣಿ ಕೆಲಸವನ್ನು ಆಗಸ್ಟ್ ಒಳಗೆ ಮುಗಿಸಿಕೊಳ್ಳಿ. ನಮ್ಮ ಕಡೆ ಸೆಪ್ಟೆಂಬರ್, ಅಕ್ಟೋಬರ್ ಮಳೆಯೇ ಮುಖ್ಯ, ಅದು ತಪ್ಪಿದರೆ ಇಡೀ ಒಣ ಕಾಲ ಮತ್ತೆ ಟ್ಯಾಂಕರಿಗೆ ಫೋನ್ ಮಾಡಬೇಕಾಗುತ್ತೆ. ಹಳೇ ಸುಣ್ಣ ಇದ್ದರೆ ಮೊದಲ ಮಳೆಗಾಲದಲ್ಲೇ, ಗಾಜು ನೆಂದಿರುವಾಗ, ಕೈಯಿಂದ ಉಜ್ಜಿಸಿ ತೆಗೆಸಿಬಿಡಿ. ಒಣಗಿದ ಮೇಲೆ ಅದು ಬಿಡಲ್ಲ.