ಊಟಿಯ ಗಾಜಿನ ವರಾಂಡಕ್ಕೆ ಇನ್‌ಫ್ರಾರೆಡ್ ಹೀಟರ್

ನೀಲಗಿರಿಯ ಹಳೆಯ ಬಂಗಲೆಗಳಲ್ಲಿ ಗಾಜು ಮುಚ್ಚಿದ ವರಾಂಡ ಸಾಮಾನ್ಯ. ಈಗ ಹೊಸ ಮನೆಯವರೂ ಅಲ್ಯೂಮಿನಿಯಂ ಚೌಕಟ್ಟಿನಲ್ಲಿ ಅದನ್ನೇ ಕಟ್ಟಿಸುತ್ತಾರೆ. ಹಗಲು ಬಿಸಿಲಿದ್ದಾಗ ಬಲು ಹಿತ. ಹೊತ್ತು ಮುಳುಗಿತೋ, ಕೂರಲಾಗದು. ತಲೈಕುಂದಾ, ರೇಸ್‌ಕೋರ್ಸ್‌ನಂಥ ತಗ್ಗಿನಲ್ಲಿ ಹುಲ್ಲಿನ ಮೇಲೆ ಇಬ್ಬನಿ ಹೆಪ್ಪುಗಟ್ಟುವ ಡಿಸೆಂಬರ್, ಜನವರಿಯ ರಾತ್ರಿಗಳಲ್ಲಂತೂ ಮಾತೇ ಬೇಡ.

ಇಂಥ ಕೋಣೆಯ ಗಾಳಿಯನ್ನೆಲ್ಲ ಬಿಸಿ ಮಾಡಲು ಹೊರಡಬೇಡಿ. 12 ಅಡಿ ಉದ್ದ, 10 ಅಡಿ ಅಗಲದ ವರಾಂಡಕ್ಕೆ ಮೂರು ಬದಿ 7 ಅಡಿ ಎತ್ತರದ ಗಾಜಿದ್ದರೆ ಗಾಜೇ ಸುಮಾರು 21 ಚದರ ಮೀಟರ್. ಒಂಟಿ ಗಾಜಿನ ಪ್ರತಿ ಚದರ ಮೀಟರಿನಿಂದ, ಒಳಗೂ ಹೊರಗೂ ಒಂದು ಡಿಗ್ರಿ ವ್ಯತ್ಯಾಸವಿದ್ದರೆ ಸುಮಾರು 5.7 ವಾಟ್ ಶಾಖ ಹೊರಗೆ ಹೋಗುತ್ತದೆ. ಹೊರಗೆ 6 ಡಿಗ್ರಿ ಇರುವಾಗ ಒಳಗೆ 18 ಬೇಕೆಂದರೆ ಗಾಜಿನಲ್ಲೇ 1,400 ವಾಟ್ ಸೋರಿತು. ಚಾವಣಿ, ಸಂದುಗೊಂದುಗಳ ಲೆಕ್ಕ ಬೇರೆ. ಫ್ಯಾನ್ ಹೀಟರ್ ಇಟ್ಟವರಿಗೆ ಕಾಲು ತಣ್ಣಗೆ, ಬಿಲ್ ಮಾತ್ರ ಬಿಸಿ.

ಇನ್‌ಫ್ರಾರೆಡ್ ಶಾಖ ಎಳೆಬಿಸಿಲಿನ ಹಾಗೆ ಎದುರಿಗಿದ್ದ ಮೈಗೆ, ನೆಲಕ್ಕೆ, ಕುರ್ಚಿಗೆ ನೇರ ತಾಕುತ್ತದೆ. ಆದ್ದರಿಂದ ಕೋಣೆಯನ್ನು ಬಿಟ್ಟು, ಕೂರುವ ಜಾಗವನ್ನಷ್ಟೇ ಅಳೆಯಿರಿ. ಎರಡು ಬೆತ್ತದ ಕುರ್ಚಿ, ನಡುವೊಂದು ಟೀಪಾಯಿ ಎಂದರೆ 6 ಅಡಿಗೆ 6 ಅಡಿ, ಸುಮಾರು 3.3 ಚದರ ಮೀಟರ್. ಚದರ ಮೀಟರಿಗೆ 300 ವಾಟ್ ಹಿಡಿದರೆ 1,000 ವಾಟ್ ಸಾಕು. ವೋಲ್ಟೇಜ್ ಬೀಳುವ ಊರಾದರೆ 1,500 ವಾಟಿನದ್ದೇ ತನ್ನಿ: 230 ವೋಲ್ಟ್ ಇರಬೇಕಾದಲ್ಲಿ 180 ಬಂದರೆ ಹೀಟರ್ ಕೊಡುವುದು ಸುಮಾರು ಶೇಕಡ 60 ಮಾತ್ರ. ಹೀಟರ್ ಕೆಟ್ಟಿತೆಂದು ಅಂಗಡಿಗೆ ಹೊತ್ತೊಯ್ಯುವ ಮೊದಲು ಸಂಜೆ ಏಳರ ವೋಲ್ಟೇಜ್ ನೋಡಿ.

ಯಾವ ಬಗೆಯದು? ಹ್ಯಾಲೊಜನ್ ಕೊಳವೆ ಸ್ವಿಚ್ ಹಾಕಿದೊಡನೆ ಶಾಖ ಕೊಡುತ್ತದೆ, ಆದರೆ ಕೆಂಪು ಬೆಳಕು ಕಣ್ಣಿಗೆ ಹೊಡೆಯುತ್ತದೆ. ರಾತ್ರಿ ಗಾಜಿನಲ್ಲಿ ಅದರ ಪ್ರತಿಬಿಂಬ ಬೇರೆ. ಕಾರ್ಬನ್ ಕೊಳವೆ ಕೆಲವೇ ಸೆಕೆಂಡುಗಳಲ್ಲಿ ಕಾಯುತ್ತದೆ, ಬೆಳಕು ಕಡಿಮೆ. ಬೆಳಕೇ ಇಲ್ಲದ ಚಪ್ಪಟೆ ಪ್ಯಾನಲ್ 80ರಿಂದ 110 ಡಿಗ್ರಿಯವರೆಗೆ ಕಾಯುತ್ತದೆ, ಕಾಯಲು ಹತ್ತಿಪ್ಪತ್ತು ನಿಮಿಷ ಬೇಕು. ಸಂಜೆ ಒಂದು ಗಂಟೆ ಕಾಫಿ ಕುಡಿದು ಏಳುವವರಿಗೆ ಕಾರ್ಬನ್ ಸರಿ. ಅಲ್ಲೇ ಕೂತು ದಿನವಿಡೀ ಕೆಲಸ ಮಾಡುವವರಿಗೆ ಪ್ಯಾನಲ್.

ವಾಟಿಗಿಂತ ಮುಖ್ಯ, ಹೀಟರ್ ಯಾವ ಕಡೆ ಮುಖ ಮಾಡಿದೆ ಎಂಬುದು. ಹ್ಯಾಲೊಜನ್ನಿನ ಕಿರಣ ಬಹುಪಾಲು ಗಾಜನ್ನು ದಾಟಿ ತೋಟಕ್ಕೆ ಹೋಗುತ್ತದೆ. ಪ್ಯಾನಲಿನ ಕಿರಣ ಗಾಜನ್ನು ದಾಟದು ನಿಜ. ಆದರೆ ಗಾಜೇ ಅದನ್ನು ಹೀರಿ ಬಿಸಿಯಾಗಿ ಹೊರಗಿನ ಚಳಿಗೆ ಕೊಟ್ಟುಬಿಡುತ್ತದೆ. ಎರಡೂ ನಷ್ಟವೇ. ಹಾಗಾಗಿ ಕೊಳವೆ ಹೀಟರನ್ನು ಮನೆಯ ಗೋಡೆಗೆ, ನೆಲದಿಂದ 7ರಿಂದ 8 ಅಡಿ ಎತ್ತರದಲ್ಲಿ ಹಾಕಿ, 30ರಿಂದ 45 ಡಿಗ್ರಿ ಕೆಳಕ್ಕೆ ಬಾಗಿಸಿ. ಕಿರಣ ಕುರ್ಚಿಯ ಮೇಲೂ ಮುಂದಿನ ನೆಲದ ಮೇಲೂ ಬೀಳಲಿ. ಕೊಳವೆ ಅಡ್ಡಡ್ಡ ಮಟ್ಟವಾಗಿರಬೇಕು; ಲಂಬವಾಗಿ ನಿಲ್ಲಿಸಬಹುದೆಂದು ಕೈಪಿಡಿಯಲ್ಲಿ ಇಲ್ಲದಿದ್ದರೆ ನಿಲ್ಲಿಸಬೇಡಿ, ಕೊಳವೆಯೊಳಗಿನ ಕಾಯುವ ತಂತಿ ಜಗ್ಗಿ ಬೇಗ ಹೋಗುತ್ತದೆ. ಪರದೆ, ಬೆತ್ತದ ಸಾಮಾನು, ಹೂಕುಂಡ ಎಲ್ಲವೂ ಕನಿಷ್ಠ 3 ಅಡಿ ದೂರ. ಚಾವಣಿಯಿಂದ ಎಷ್ಟು ಅಂತರ ಎಂಬುದು ಆಯಾ ಕೈಪಿಡಿಯಲ್ಲಿರುತ್ತದೆ, ಅದಕ್ಕಿಂತ ಕಡಿಮೆ ಮಾಡಬೇಡಿ.

ಹಳೆಯ ಗಾರೆ ಗೋಡೆಯಲ್ಲಿ ಸಣ್ಣ ಪ್ಲಾಸ್ಟಿಕ್ ಪ್ಲಗ್ ನಿಲ್ಲದು. ಇಟ್ಟಿಗೆಯ ಅಥವಾ ಕಲ್ಲಿನ ನಡುವೆ ತೂತು ಕೊರೆದು ಉದ್ದದ ಆ್ಯಂಕರ್ ಬೋಲ್ಟ್ ಹಾಕಿ. ಸಂದಿಯ ಗಾರೆಗೆ ಕೊರೆದರೆ ಕೆಲವೇ ತಿಂಗಳಲ್ಲಿ ಸಡಿಲ.

ಟೀಪಾಯಿ ದೊಡ್ಡದಾದರೆ ಅದರ ಕೆಳಗೆ ನೆರಳು, ಅಂದರೆ ಅಲ್ಲಿ ಶಾಖವೇ ಇಲ್ಲ. ಬೆನ್ನು ಬೆಚ್ಚಗಿದ್ದರೂ ಪಾದ ಮರಗಟ್ಟುತ್ತದೆ. ಮೇಜಿನಡಿಗೆ ಹಾಕಲೆಂದೇ ಮಾಡಿದ 150 ವಾಟಿನ ಸಣ್ಣ ಪ್ಯಾನಲ್ ಹಾಕಿಸಿ, ಇಲ್ಲವೇ ನೆಲಕ್ಕೆ ದಪ್ಪ ಜಮಖಾನೆ ಹಾಸಿ.

ವೈರಿಂಗ್ ಕೆಲಸ ಎಲೆಕ್ಟ್ರಿಷಿಯನ್‌ಗೇ ಬಿಡಿ, ಆದರೆ ಏನು ಕೇಳಬೇಕೆಂದು ತಿಳಿದಿರಲಿ. 2,000 ವಾಟಿಗೆ ಸುಮಾರು 8.7 ಆಂಪಿಯರ್ ಹರಿಯುತ್ತದೆ. 6 ಆಂಪಿಯರಿನ ಪ್ಲಗ್ ಪಾಯಿಂಟ್ ತಡೆಯದು. 2.5 ಚದರ ಮಿಲಿಮೀಟರಿನ ತಾಮ್ರದ ತಂತಿ, 16 ಆಂಪಿಯರಿನ ಎಂಸಿಬಿ (ಕರೆಂಟ್ ಮಿತಿ ಮೀರಿದರೆ ತಾನೇ ಆರುವ ಸ್ವಿಚ್), 30 ಮಿಲಿ ಆಂಪಿಯರಿನ ಆರ್‌ಸಿಸಿಬಿ (ಕರೆಂಟ್ ಸೋರಿದರೆ ಸಂಪರ್ಕ ಕಡಿಯುವ ಸ್ವಿಚ್), ಸರಿಯಾದ ಅರ್ತ್: ಇಷ್ಟೂ ಬೇಕು. ಎಕ್ಸ್‌ಟೆನ್ಷನ್ ಬಾಕ್ಸ್ ಬೇಡವೇ ಬೇಡ. ಅರ್ಧ ಗಂಟೆ ಓಡಿಸಿ, ಆರಿಸಿದ ಮೇಲೆ ಪ್ಲಗ್ ಮುಟ್ಟಿ ನೋಡಿ. ಕೈ ಇಡಲಾಗದಷ್ಟು ಬಿಸಿಯಿದ್ದರೆ ಸಾಕೆಟ್ ಒಳಗಿನ ಹಿಡಿತ ಸಡಿಲವಾಗಿದೆ ಎಂದರ್ಥ. ಮಂಜಿನ ದಿನಗಳಲ್ಲಿ ಗಾಜಿನ ಚಾವಣಿಯಿಂದ ನೀರು ತೊಟ್ಟಿಕ್ಕುವುದರಿಂದ ಐಪಿಎಕ್ಸ್4 (ನೀರು ಸಿಡಿದರೂ ತಡೆಯುತ್ತದೆ ಎಂಬ ಗುರುತು) ಅಥವಾ ಅದಕ್ಕೂ ಮೇಲಿನ ರೇಟಿಂಗ್ ಇರುವ ಹೀಟರನ್ನೇ ಕೊಳ್ಳಿ.

ಗಾಳಿಯ ಉಷ್ಣತೆ ಅಳೆಯುವ ಥರ್ಮೋಸ್ಟಾಟ್ ಇಲ್ಲಿ ಹೆಚ್ಚು ಪ್ರಯೋಜನವಿಲ್ಲ. ಮೈಗೆ ಹಿತವಾದರೂ ಗಾಳಿ ತಣ್ಣಗೇ ಇರುವುದರಿಂದ ಅದು ಹೀಟರನ್ನು ಆರಿಸುವುದೇ ಇಲ್ಲ. ಕಿರಣ ಬೀಳುವಲ್ಲಿ ಹಾಕಿದರೆ ಬೇಗನೆ ಆರಿಸುತ್ತದೆ. 30 ಅಥವಾ 60 ನಿಮಿಷದ ಟೈಮರ್ ವಾಸಿ. 1,200 ವಾಟ್ ದಿನಕ್ಕೆ 3 ಗಂಟೆ ಉರಿದರೆ 3.6 ಯೂನಿಟ್, ತಿಂಗಳಿಗೆ 108. ತಮಿಳುನಾಡಿನಲ್ಲಿ ಎರಡು ತಿಂಗಳಿಗೊಮ್ಮೆ ಬಿಲ್ ಬರುವುದರಿಂದ 216 ಯೂನಿಟ್ ಒಟ್ಟಿಗೆ ಸೇರಿ ನಿಮ್ಮನ್ನು ದರ ಹೆಚ್ಚಿರುವ ಮೇಲಿನ ಸ್ಲ್ಯಾಬಿಗೆ ತಳ್ಳಬಹುದು.

ಗಾಜಿನ ಒಳಮೈಯಲ್ಲಿ ಬೆವರು ಇಳಿಯುವುದನ್ನು ಇನ್‌ಫ್ರಾರೆಡ್ ತಡೆಯದು, ಏಕೆಂದರೆ ಗಾಜು ತಣ್ಣಗೇ ಉಳಿಯುತ್ತದೆ. ಒದ್ದೆ ಬಟ್ಟೆ ಅಲ್ಲಿ ಹರವಬೇಡಿ, ಕುಂಡಗಳಿಗೆ ಬೆಳಿಗ್ಗೆಯೇ ನೀರು ಹಾಕಿ, ಎದ್ದು ಹೋಗುವಾಗ ಹತ್ತು ನಿಮಿಷ ಒಂದು ಕಿಟಕಿ ತೆರೆದಿಡಿ. ಉಳಿದ ಹೊತ್ತು ಕಿಟಕಿಯ ಸಂದುಗಳಿಗೆ ರಬ್ಬರ್ ಪಟ್ಟಿ, ರಾತ್ರಿ ದಪ್ಪ ಪರದೆ ಇರಲಿ.

ಹ್ಯಾಲೊಜನ್ ಕೊಳವೆಯನ್ನು ಬರಿಗೈಯಲ್ಲಿ ಮುಟ್ಟಬೇಡಿ. ಬೆರಳಿನ ಜಿಡ್ಡು ಬಿಸಿಯಾಗಿ ಆ ಜಾಗದಲ್ಲಿ ಗಾಜು ಬೆಳ್ಳಗಾಗಿ ಸೀಳುತ್ತದೆ. ಮುಟ್ಟಿದ್ದರೆ, ತಣ್ಣಗಿರುವಾಗ ಸ್ಪಿರಿಟ್ ಹಚ್ಚಿದ ಬಟ್ಟೆಯಲ್ಲಿ ಒರೆಸಿ ಪೂರ್ತಿ ಆರಲು ಬಿಡಿ.

ಗ್ಯಾಸ್ ಸಿಲಿಂಡರಿನ ಇನ್‌ಫ್ರಾರೆಡ್ ಹೀಟರನ್ನೂ ಕೆಂಡದ ಅಗ್ಗಿಷ್ಟಿಕೆಯನ್ನೂ ಮುಚ್ಚಿದ ವರಾಂಡದೊಳಗೆ ತರಬಾರದು. ಒಂದು ಕಿಲೋ ಅಡುಗೆ ಅನಿಲ ಉರಿದರೆ ಒಂದೂವರೆ ಲೀಟರಿಗೂ ಹೆಚ್ಚು ನೀರು ಆವಿಯಾಗಿ ಕೋಣೆಗೆ ಸೇರುತ್ತದೆ. ಅದಾದರೂ ಒರೆಸಿದರೆ ಹೋದೀತು. ಬಣ್ಣವೂ ವಾಸನೆಯೂ ಇಲ್ಲದ ಕಾರ್ಬನ್ ಮಾನಾಕ್ಸೈಡ್ ಸೇರಿದರೆ ಗೊತ್ತಾಗುವಷ್ಟರಲ್ಲಿ ಪ್ರಜ್ಞೆ ತಪ್ಪಿರುತ್ತದೆ.